ಬಾಗಿಲು ಮುಚ್ಚಿ ಮಾಡುವ ಕೆಲಸ

ಅಮೆರಿಕದ ವೈದ್ಯರು ಬರೆದ ಟಿಪ್ಪಣಿಗಳನ್ನು ಓದಿ, ಒಂದೊಂದು ರೋಗಕ್ಕೂ ವಿಮೆಯವರು ಒಪ್ಪುವ ಸಂಕೇತವನ್ನು ನಮೂದಿಸುವ ಮೆಡಿಕಲ್ ಕೋಡಿಂಗ್ ನನ್ನ ಉದ್ಯೋಗ. ರಕ್ತದೊತ್ತಡಕ್ಕೆ ಐ10, ಎರಡನೆಯ ಬಗೆಯ ಮಧುಮೇಹಕ್ಕೆ ಇ11. ಇವೆರಡನ್ನು ಬರೆಯದ ದಿನವೇ ಇಲ್ಲ. ಕುಂಬಳೆಯಿಂದ ಮಂಗಳೂರಿಗೆ ದಿನವೂ ರೈಲಿನಲ್ಲಿ ಹೋಗಿಬರುತ್ತಿದ್ದ ನಾನು, 2020ರ ಮಾರ್ಚ್‌ನಲ್ಲಿ ತಲಪಾಡಿಯ ಕೇರಳ-ಕರ್ನಾಟಕ ಗಡಿ ಮುಚ್ಚಿದಂದಿನಿಂದ ಮನೆಯಲ್ಲೇ ಕುಳಿತವಳು, ಗಡಿ ತೆರೆದ ಮೇಲೂ ಮರಳಲಿಲ್ಲ.

ಮಾಡಿದ್ದನ್ನೇ ಮಾಡುವುದರಿಂದ ಬೇಸರವೆಂದು ಬಹುಕಾಲ ನಂಬಿದ್ದೆ. ಅದಕ್ಕಾಗಿ ಯಕ್ಷಗಾನದ ಪದಗಳನ್ನು ಹಾಕಿಕೊಂಡು, ರೋಗಿಯೊಬ್ಬರ ಎಡಗಾಲಿನ ಮುರಿತವನ್ನು ಬಲಗಾಲಿಗೆ ಬರೆದದ್ದೂ ಆಯಿತು.

ಆ ನಂಬಿಕೆ ಕಳಚಿದ್ದು ನಮ್ಮ ಅಂಗಳದಲ್ಲಿ. ಒಂದೂವರೆ ತಿಂಗಳು ಬಿಸಿಲಿನಲ್ಲಿ ಒಣಗಿದ ಅಡಿಕೆಯನ್ನು ದೊಡ್ಡಮ್ಮ ಮತ್ತು ನೆರೆಮನೆಯ ಇಬ್ಬರು ಸುಲಿಯುತ್ತಿದ್ದರು. ನನ್ನದಕ್ಕಿಂತಲೂ ಏಕತಾನದ ಕೆಲಸವದು. ಆದರೆ ಮಾತು ತುಳುವಿನಿಂದ ಮಲಯಾಳಕ್ಕೆ, ಅಲ್ಲಿಂದ ಕನ್ನಡಕ್ಕೆ ಹೊರಳುತ್ತಿದ್ದರೂ ಯಾರ ಕೈಯೂ ನಿಲ್ಲುತ್ತಿರಲಿಲ್ಲ. ಬೇರ್ಪಡಿಸುವಾಗ ಪಟೋರವೆಂಬ ಕೆಳದರ್ಜೆಯ ಅಡಿಕೆಯೋ ಅಲ್ಲವೋ ಎಂಬ ಸಂಶಯ ಬಂದರೆ ಪಕ್ಕದವರ ಮುಂದೆ ಹಿಡಿದು ಕೇಳಿದರಾಯಿತು. ನನ್ನ ಸಂಶಯವನ್ನಾದರೋ ಪರದೆಯ ಚೌಕದೊಳಗೆ ಬರೆದು ಕಳುಹಿಸಬೇಕಿತ್ತು. ಉತ್ತರ ಬರುವಷ್ಟರಲ್ಲಿ ಆ ರೋಗಿಯೇ ಮರೆತುಹೋಗಿರುತ್ತಿದ್ದರು. ಅವರು ಗುಣವಾದರೋ ಇಲ್ಲವೋ ಎಂಬುದಂತೂ ನನಗೆ ತಿಳಿಯುವ ವಿಷಯವೇ ಅಲ್ಲ.

ನನಗೂ ಪಕ್ಕದಲ್ಲಿ ಜನ ಬೇಕಿತ್ತು. ಆದರೆ ಊರಿನ ಗ್ರಂಥಾಲಯದಲ್ಲಿ ಕುಳಿತು ಕೆಲಸ ಮಾಡುವಂತಿರಲಿಲ್ಲ. ರೋಗಿಗಳ ಮಾಹಿತಿಗೆ ಅಮೆರಿಕದ 1996ರ ಹಿಪಾ ಕಾನೂನಿನ ಕಾವಲಿದೆ. ಬಾಗಿಲು ಮುಚ್ಚಿಯೇ ಕೂರಬೇಕೆಂಬುದು ಕಂಪೆನಿಯ ಷರತ್ತು. ಆದ್ದರಿಂದ ಮೇಲಿನವರ ಒಪ್ಪಿಗೆ ಪಡೆದು, ಕಂಪೆನಿಯದೇ ಕರೆ ವ್ಯವಸ್ಥೆಯಲ್ಲಿ, ಉಪ್ಪಳ ಮತ್ತು ಪುತ್ತೂರಿನ ಇಬ್ಬರು ಸಹೋದ್ಯೋಗಿಗಳೊಂದಿಗೆ ಬೆಳಿಗ್ಗೆ ಒಂದು ಗಂಟೆ ಕರೆಯನ್ನು ತೆರೆದಿಡತೊಡಗಿದೆ. ಹೆಚ್ಚಿನ ಹೊತ್ತು ಕೇಳಿಸುವುದು ಕೀಲಿಮಣೆಯ ಸದ್ದೊಂದೇ. ನಡುವೆ ನಾನು, "ಹೊರರೋಗಿ, ನ್ಯುಮೋನಿಯಾ ಇರಬಹುದು ಎಂದಷ್ಟೇ ಬರೆದಿದ್ದಾರೆ, ಹಾಕಲೇ?" ಎಂದರೆ, "ಬೇಡ ಅಕ್ಕಾ, 'ಇರಬಹುದು' ಎಂದದ್ದಕ್ಕೆ ಹಾಕುವ ಹಾಗಿಲ್ಲ, ಕೆಮ್ಮನ್ನೇ ಹಾಕಿ" ಎಂದು ಪುತ್ತೂರಿನಿಂದ ಉತ್ತರ ಬರುತ್ತದೆ. ನಿಯಮ ನನಗೂ ಗೊತ್ತು. ಕೇಳುವುದು ನಿಯಮಕ್ಕಾಗಿ ಮಾತ್ರವಲ್ಲ.

ಮೊದಲ ವಾರ ನಾನು ದಿನಕ್ಕೆ ಮುಗಿಸುವ ಟಿಪ್ಪಣಿಗಳ ಲೆಕ್ಕ ಇಳಿಯಿತು, ಬಳಿಕ ಮೊದಲಿನಷ್ಟಕ್ಕೇ ಬಂದು ನಿಂತಿತು, ಅದಕ್ಕಿಂತ ಏರಿಲ್ಲ. ಅಡಿಕೆಯ ಕಾಲದಲ್ಲಿ ಸಂಜೆ ನಾಲ್ಕರ ನಂತರ ನಾನೂ ಅಂಗಳದಲ್ಲಿ ಕೂರುತ್ತೇನೆ. ನಾನು ಸುಲಿದ ಅಡಿಕೆಗಳಿಗೆಲ್ಲ ಕತ್ತಿಯ ಗಾಯವಿರುತ್ತದೆಂದು ದೊಡ್ಡಮ್ಮ ಅವನ್ನು ಬೇರೆಯೇ ಬುಟ್ಟಿಗೆ ಹಾಕಿಸುತ್ತಾರೆ.