ಅಮೆರಿಕದ ಸಣ್ಣ ಊರಿನ ಹಳೇ ರೈಲ್ವೆ ಸ್ಟೇಷನ್: ಚರಿತ್ರೆ ಹುಡುಕುವುದು ಹೇಗೆ?

ಅಮೆರಿಕದ ಸಣ್ಣಪುಟ್ಟ ಊರುಗಳಲ್ಲಿ ಪೇಟೆ ಬೀದಿಯ ತುದಿಯವರೆಗೆ ನಡೆದರೆ ಒಂದು ಉದ್ದನೆಯ ಹಳೇ ಕಟ್ಟಡ ಸಿಗುವುದು ಮಾಮೂಲು. ಅದರ ಮಾಡು ಗೋಡೆ ದಾಟಿ ಎಷ್ಟೋ ಮುಂದಕ್ಕೆ ಚಾಚಿರುತ್ತದೆ. ಈಗ ಅದು ಹೋಟೆಲೋ ಮ್ಯೂಸಿಯಮ್ಮೋ ಆಗಿರಬಹುದು, ಸುಮ್ನೆ ಬೀಗ ಹಾಕಿಕೊಂಡು ಬಿದ್ದಿರಲೂಬಹುದು. ಒಂದು ಕಾಲದ ರೈಲ್ವೆ ಸ್ಟೇಷನ್ ಅದು. ಇಂಥವುಗಳ ಹಿಂದೆ ಬೀಳುವುದು ನನಗೊಂದು ಹುಚ್ಚು. ಮನೆಯವರಿಗೂ ರೂಢಿಯಾಗಿದೆ, ಪ್ರವಾಸ ಹೊರಟರೆ ಒಂದು ಗಂಟೆ ಜಾಸ್ತಿ ಹಿಡಿದೇ ಹೊರಡುತ್ತಾರೆ. ನಿಮಗೂ ಈ ಹುಚ್ಚು ಹತ್ತಿದ್ದರೆ ನಾನು ಹಿಡಿಯುವ ದಾರಿ ಹೇಳುತ್ತೇನೆ.

ಕಟ್ಟಿದ ಇಸವಿಯ ಹಿಂದೆ ಮೊದಲೇ ಓಡಬೇಡಿ. ಅದು ಎಷ್ಟೋ ಸಲ ಗೋಡೆಯ ಫಲಕದಲ್ಲೇ ಸಿಕ್ಕಿಬಿಡುತ್ತದೆ. ಹುಡುಕಬೇಕಾದ್ದು ಕೊನೇ ಪ್ಯಾಸೆಂಜರ್ ರೈಲು ಯಾವತ್ತು ಹೋಯಿತು, ಯಾಕೆ ನಿಂತಿತು ಅನ್ನುವುದನ್ನು. ರೈಲು ಓಡುತ್ತಿರುವಾಗ ಅದರ ಬಗ್ಗೆ ಯಾರೂ ಬರೆದಿಡುವುದಿಲ್ಲ. ನಿಲ್ಲಿಸುತ್ತೇವೆ ಅಂದಾಗ ಮಾತ್ರ ಊರೆಲ್ಲ ಎದ್ದು ಕೂತು ಅರ್ಜಿ ಬರೆಯುತ್ತದೆ. ನಮಗೆ ಬೇಕಾದ ಕಾಗದ ಹುಟ್ಟುವುದು ಅಲ್ಲೇ.

ಅದಕ್ಕೂ ಮುಂಚೆ ಕಟ್ಟಡವನ್ನು ಒಂದು ಸಲ ಸರಿಯಾಗಿ ನೋಡಿ. ರಸ್ತೆ ಕಡೆಯಿಂದಲ್ಲ, ಹಳಿ ಕಡೆಯಿಂದ. (ಹಳಿ ಇನ್ನೂ ಬಳಕೆಯಲ್ಲಿದ್ದರೆ ಅದು ರೈಲು ಕಂಪನಿಯ ಖಾಸಗಿ ಜಾಗ, ಕಾಲಿಡಬೇಡಿ. ದೂರದಿಂದ ಫೋಟೋ ತೆಗೆದರೆ ಸಾಕು.) ಎಷ್ಟೋ ಕಡೆ ಆ ಗೋಡೆಯ ಒಂದು ಭಾಗ ಮೂರು ಬದಿ ಕಿಟಕಿ ಇಟ್ಟುಕೊಂಡು ಹೊರಗೆ ಉಬ್ಬಿರುತ್ತದೆ. ಅಲ್ಲಿ ಏಜೆಂಟ್ ಕೂರುತ್ತಿದ್ದ. ನಮ್ಮ ಸ್ಟೇಷನ್ ಮಾಸ್ಟರ್ ಅಂದುಕೊಳ್ಳಿ. ಸಣ್ಣ ಊರಲ್ಲಿ ಟಿಕೆಟ್, ಟೆಲಿಗ್ರಾಫ್, ಗೂಡ್ಸ್ ರಸೀದಿ ಎಲ್ಲ ಅವನೊಬ್ಬನ ತಲೆಗೇ. ಕುರ್ಚಿಯಿಂದ ಏಳದೆ ಎರಡೂ ದಿಕ್ಕಿನ ಹಳಿ ಕಾಣಲಿ ಅಂತ ಆ ಉಬ್ಬು. ಒಂದು ತುದಿಯಲ್ಲಿ ಅಗಲವಾದ ಬಾಗಿಲಿದ್ದರೆ ಅದು ಸರಕಿನ ಕೋಣೆ.

ಕಾಯುವ ಕೋಣೆ ಎರಡಿದ್ದರೆ ಸ್ವಲ್ಪ ತಡೆದು ಯೋಚಿಸಿ. ಉತ್ತರದ ರಾಜ್ಯಗಳಲ್ಲಿ ಅದು ಹೆಂಗಸರಿಗೊಂದು, ಗಂಡಸರಿಗೊಂದು ಆಗಿರುವ ಸಾಧ್ಯತೆ ಜಾಸ್ತಿ. ದಕ್ಷಿಣದ ರಾಜ್ಯಗಳಲ್ಲಾದರೆ ಬಿಳಿಯರಿಗೊಂದು, ಕರಿಯರಿಗೊಂದು. ಅಂತರರಾಜ್ಯ ಪ್ರಯಾಣಿಕರ ಮಟ್ಟಿಗೆ ಈ ವಿಂಗಡಣೆ ನಿಲ್ಲಬೇಕು ಅಂತ ಆದೇಶ ಬಂದದ್ದು 1955ರಲ್ಲಿ. ಊರಿನ ಫಲಕಗಳು ಇದರ ಬಗ್ಗೆ ಬಾಯಿ ಬಿಡದೇ ಇರುವುದೂ ಉಂಟು. ನೀವು ಬರೆಯುವಾಗ ಬಿಡಬೇಡಿ.

ಮುಂದಿನದು ಸ್ಯಾನ್‌ಬಾರ್ನ್ ನಕ್ಷೆ. ಬೆಂಕಿ ವಿಮೆ ಕೊಡುವ ಕಂಪನಿಗಳಿಗಾಗಿ ಮಾಡಿದ ಊರಿನ ನಕ್ಷೆಗಳಿವು. ಅಮೆರಿಕ ಸರ್ಕಾರದ ದೊಡ್ಡ ಗ್ರಂಥಾಲಯವಾದ ಲೈಬ್ರರಿ ಆಫ್ ಕಾಂಗ್ರೆಸ್ಸಿನ ವೆಬ್‌ಸೈಟಿನಲ್ಲಿ ಸಾವಿರಾರು ಊರಿನವು ಪುಕ್ಕಟೆ ಸಿಗುತ್ತವೆ. ನನಗೆ ಇವು ಬಲು ಇಷ್ಟ. ಕಟ್ಟಡ ಗುಲಾಬಿ ಬಣ್ಣದಲ್ಲಿದ್ದರೆ ಇಟ್ಟಿಗೆ, ಹಳದಿಯಾದರೆ ಮರ, ನೀಲಿಯಾದರೆ ಕಲ್ಲು. ಒಂದೇ ಊರಿನ ಬೇರೆ ಬೇರೆ ಇಸವಿಯ ಹಾಳೆಗಳನ್ನು ಪಕ್ಕಪಕ್ಕ ಇಟ್ಟುಕೊಳ್ಳಿ. ಮೊದಲಿನದರಲ್ಲಿ ಹಳದಿ ಸ್ಟೇಷನ್, ಆಮೇಲಿನದರಲ್ಲಿ ಗುಲಾಬಿ ಸ್ಟೇಷನ್ ಕಂಡರೆ ನಡುವೆ ಮರದ ಕಟ್ಟಡ ಹೋಗಿ ಇಟ್ಟಿಗೆಯದು ಬಂದಿದೆ. ಆ ಎರಡು ಇಸವಿಗಳ ನಡುವಿನ ಪತ್ರಿಕೆ ತೆಗೆದರೆ ಕಾರಣ ಸಿಗುತ್ತದೆ, ಬೆಂಕಿಯೋ ಊರಿನ ಒತ್ತಾಯವೋ ಅಂತ. ಸ್ಕ್ಯಾನನ್ನು ದೊಡ್ಡದು ಮಾಡಿ ನೋಡಿದರೆ ಕೆಲವು ಕಡೆ ಕಾಗದದ ಚೂರು ಅಂಟಿಸಿದ ಅಂಚು ಕಾಣುತ್ತದೆ. ಊರು ಬದಲಾದಾಗ ಕಂಪನಿಯವರು ಹೊಸ ನಕ್ಷೆ ಅಚ್ಚು ಹಾಕುವ ಬದಲು ತೇಪೆ ಹಚ್ಚುತ್ತಿದ್ದರು. ಹಾಗಾಗಿ ಹಾಳೆಯ ಮೇಲಿನ ಇಸವಿಯನ್ನೇ ಕಣ್ಣುಮುಚ್ಚಿ ನಂಬಬೇಡಿ, ತೇಪೆಯ ತಾರೀಕು ಬೇರೆ ಇರುತ್ತದೆ.

ರೈಲುಗಳ ಲೆಕ್ಕಕ್ಕೆ 'ಅಫಿಷಿಯಲ್ ಗೈಡ್ ಆಫ್ ದಿ ರೈಲ್ವೇಸ್' ಎಂಬ ದಪ್ಪನೆಯ ವೇಳಾಪಟ್ಟಿ ಇದೆ. ಇಡೀ ದೇಶದ ರೈಲುಗಳ ವಿವರ ಅದರಲ್ಲಿರುತ್ತದೆ. ತೆಳು ಅಕ್ಷರದ ಸಮಯ ಮಧ್ಯಾಹ್ನಕ್ಕೆ ಮೊದಲಿನದು, ದಪ್ಪ ಅಕ್ಷರದ್ದು ಆಮೇಲಿನದು. ಪಕ್ಕದಲ್ಲಿ ಸಣ್ಣ 'ಎಫ್' ಇದ್ದರೆ ಕೈ ಮಾಡಿದರೆ ಮಾತ್ರ ನಿಲ್ಲುವ ರೈಲು. ಕೆಲವು ವರ್ಷ ಬಿಟ್ಟು ಬಿಟ್ಟು ಒಂದೊಂದು ಸಂಚಿಕೆ ನೋಡಿ. ಖಾಯಂ ನಿಲ್ಲುತ್ತಿದ್ದ ರೈಲಿಗೆ 'ಎಫ್' ಬಂತು, ಮುಂದೆ ರೈಲೇ ಹೋಯಿತು. ಊರು ಸೊರಗಿದ್ದನ್ನು ಇಷ್ಟು ಚೆನ್ನಾಗಿ ಬೇರೆ ಯಾವುದೂ ಹೇಳುವುದಿಲ್ಲ.

ಈಗ ಮೊದಲು ಹೇಳಿದ ಪ್ರಶ್ನೆಗೆ ಬನ್ನಿ. ಯಾರನ್ನು ಕೇಳಿದರೂ 'ಕಾರು ಬಂತು, ರೈಲು ಹೋಯ್ತು' ಅನ್ನುತ್ತಾರೆ. ಸುಳ್ಳಲ್ಲ, ಆದರೆ ಅಷ್ಟೇ ಅಲ್ಲ. ಎಷ್ಟೋ ಪ್ಯಾಸೆಂಜರ್ ರೈಲುಗಳು ಉಳಿದಿದ್ದೇ ಟಪಾಲಿನ ದುಡ್ಡಿನಿಂದ. ಓಡುವ ಬೋಗಿಯಲ್ಲೇ ಗುಮಾಸ್ತರು ನಿಂತು ಕಾಗದ ವಿಂಗಡಿಸುತ್ತಿದ್ದರು. 1967ರಲ್ಲಿ ಅಂಚೆ ಇಲಾಖೆ ಬಹುಪಾಲು ರೈಲುಗಳಿಂದ ಈ ಕೆಲಸ ಕಿತ್ತುಕೊಂಡಿತು. ಆಮೇಲೆ ರೈಲು ನಿಲ್ಲಿಸುತ್ತೇವೆ ಎಂಬ ಅರ್ಜಿಗಳು ಸಾಲುಗಟ್ಟಿದವು. ನಿಮ್ಮ ಊರಿನ ರೈಲು ನಿಂತದ್ದು 1967ರ ಕೊನೆಯಲ್ಲೋ 68ರಲ್ಲೋ ಆಗಿದ್ದರೆ ಮೊದಲು ಟಪಾಲಿನ ಕಡೆ ನೋಡಿ.

1971ರ ಮೇ 1ರ ಹೊತ್ತಿಗೆ ನಿಂತಿದ್ದರೆ ಕಾರಣ ಆಮ್‌ಟ್ರಾಕ್, ಅಂದರೆ ಪ್ಯಾಸೆಂಜರ್ ರೈಲು ಓಡಿಸಲು ಸರ್ಕಾರ ಹುಟ್ಟುಹಾಕಿದ ಸಂಸ್ಥೆ. ಅವತ್ತು ಆ ಸಂಸ್ಥೆ ಪ್ಯಾಸೆಂಜರ್ ರೈಲುಗಳನ್ನು ವಹಿಸಿಕೊಂಡಿತು, ಸುಮಾರು ಅರ್ಧದಷ್ಟನ್ನು ಕೈಬಿಟ್ಟಿತು. 1958ರಿಂದ 1971ರ ನಡುವೆ ನಿಂತಿದ್ದರೆ ನಿಮ್ಮ ಅದೃಷ್ಟ ಚೆನ್ನಾಗಿದೆ. ರಾಜ್ಯದ ಗಡಿ ದಾಟುವ ರೈಲು ನಿಲ್ಲಿಸಲು ಕಂಪನಿ ಐಸಿಸಿಗೆ ನೋಟಿಸು ಕೊಡಬೇಕಿತ್ತು. ಕ್ರಿಕೆಟ್ಟಿನ ಐಸಿಸಿ ಅಲ್ಲ, ರೈಲು ಕಂಪನಿಗಳ ಮೇಲೆ ಕಣ್ಣಿಡುತ್ತಿದ್ದ ಕೇಂದ್ರ ಸರ್ಕಾರದ ಇಂಟರ್‌ಸ್ಟೇಟ್ ಕಾಮರ್ಸ್ ಕಮಿಷನ್! ವಿಚಾರಣೆ ನಡೆದಿದ್ದರೆ ಎಷ್ಟು ಜನ ಹತ್ತುತ್ತಿದ್ದರು, ಎಷ್ಟು ನಷ್ಟ, ಯಾರು ವಿರೋಧಿಸಿದರು ಎಲ್ಲ ಕಡತದಲ್ಲಿರುತ್ತದೆ. ಕಂಪನಿ ಕೊಟ್ಟ ನಷ್ಟದ ಲೆಕ್ಕವನ್ನು ಮಾತ್ರ ಸ್ವಲ್ಪ ಉಪ್ಪು ಖಾರ ಕಳೆದು ಓದಿ, ಅರ್ಜಿ ಹಾಕಿದವರದೇ ಲೆಕ್ಕ ಅಲ್ವಾ?

ಹಳೇ ಪತ್ರಿಕೆಗಳಿಗೆ ಲೈಬ್ರರಿ ಆಫ್ ಕಾಂಗ್ರೆಸ್ಸಿನದೇ 'ಕ್ರಾನಿಕ್ಲಿಂಗ್ ಅಮೆರಿಕ' ಎಂಬ ಆನ್‌ಲೈನ್ ಸಂಗ್ರಹ ನೋಡಿ, ಪುಕ್ಕಟೆ. ಹುಡುಕುವಾಗ 'ಡಿಪೋ' ಅಂತಲೂ ಹಾಕಿ, ಅಲ್ಲಿ ರೈಲ್ವೆ ಸ್ಟೇಷನ್ನಿಗೆ ಹಾಗೂ ಅನ್ನುತ್ತಾರೆ. ಆದರೆ ಅದರಲ್ಲಿ 1963ರವರೆಗಿನದು ಮಾತ್ರ ಇದೆ. ಕೊನೇ ರೈಲಿನ ಸುದ್ದಿಗೆ ಊರಿನ ಲೈಬ್ರರಿಯ ಮೈಕ್ರೋಫಿಲ್ಮ್ ತಿರುಗಿಸದೆ ವಿಧಿಯಿಲ್ಲ.

ಊರವರ ಕತೆಗಳನ್ನು ಕೊನೆಗೆ ಇಟ್ಟುಕೊಳ್ಳಿ, ಆದರೆ ತಳ್ಳಿಹಾಕಬೇಡಿ. ನೆಬ್ರಾಸ್ಕದ ನಾರ್ತ್ ಪ್ಲಾಟ್ ಊರಿನ ಕತೆ ಕೇಳಿದರೆ ಕಟ್ಟುಕತೆ ಅನ್ನಿಸುತ್ತದೆ. 1941ರ ಡಿಸೆಂಬರ್ 17, ಪರ್ಲ್ ಹಾರ್ಬರ್ ದಾಳಿಯಾಗಿ ಹತ್ತು ದಿನ. ತಮ್ಮೂರ ಕಡೆಯ 'ಡಿ ಕಂಪನಿ' ಎಂಬ ಸೇನಾ ತುಕಡಿಯ ಹುಡುಗರು ಬರುತ್ತಾರೆ ಅಂತ ಜನ ತಿಂಡಿ, ಉಡುಗೊರೆ ಹಿಡಿದು ಸ್ಟೇಷನ್ನಿಗೆ ಬಂದರು. ಬಂದದ್ದು ಕಾನ್ಸಾಸಿನ 'ಡಿ ಕಂಪನಿ'. ತಂದದ್ದನ್ನು ಅವರಿಗೇ ಕೊಟ್ಟರು. ರೇ ವಿಲ್ಸನ್ ಎಂಬ ಯುವತಿ ಇದನ್ನೇ ಮುಂದುವರಿಸೋಣ ಅಂತ ಊರಿನ ಪತ್ರಿಕೆಗೆ ಕಾಗದ ಬರೆದಳು. ಕ್ರಿಸ್‌ಮಸ್ ದಿನ ಶುರುವಾದ ಕ್ಯಾಂಟೀನ್ 1946ರ ಏಪ್ರಿಲ್ 1ರವರೆಗೆ ನಡೆಯಿತು, ಸುಮಾರು 60 ಲಕ್ಷ ಸೈನಿಕರಿಗೆ ಉಣಬಡಿಸಿತು. ಸ್ಟೇಷನ್ನನ್ನು 1973ರಲ್ಲಿ ಕೆಡವಿದರು. ಆದರೂ ಚರಿತ್ರೆ ಉಳಿದಿದೆ, ಪತ್ರಿಕೆಗೆ ಕಾಗದ ಬರೆದವರಿದ್ದರಲ್ಲ.

ನಿಮ್ಮ ಸ್ಟೇಷನ್ನಿನಲ್ಲಿ ಇಂಥ ದೊಡ್ಡ ಘಟನೆ ಇಲ್ಲದಿದ್ದರೆ ಆ ಉಬ್ಬು ಕಿಟಕಿಯಲ್ಲಿ ಯಾರು ಕೂತಿದ್ದರು ಅನ್ನುವುದನ್ನಾದರೂ ಹುಡುಕಿ. 1950ರ ಜನಗಣತಿಯ ಹಾಳೆಗಳು 2022ರಲ್ಲಿ ಬಯಲಿಗೆ ಬಂದಿವೆ. ಕಸುಬಿನ ಕಾಲಮ್ಮಿನಲ್ಲಿ ರೈಲ್ವೆ ಏಜೆಂಟ್, ಟೆಲಿಗ್ರಾಫ್ ಆಪರೇಟರ್ ಅಂತ ಬರೆದಿರುತ್ತದೆ. ಹೆಸರು ಸಿಕ್ಕಿದ ಮೇಲೆ ಊರಿನ ಹಳೇ ಡೈರೆಕ್ಟರಿಗಳಲ್ಲಿ (ಊರವರ ಹೆಸರು, ಕಸುಬಿನ ಪಟ್ಟಿ) ಅದೇ ಹೆಸರು ಯಾವ ಇಸವಿಯಿಂದ ಯಾವ ಇಸವಿಯವರೆಗೆ ಬರುತ್ತದೆ ನೋಡಿ. ಏಜೆಂಟ್ ಹುದ್ದೆ ಯಾವಾಗ ಹೋಯಿತು ಅನ್ನುವುದರ ಸುಳಿವೂ ಅಲ್ಲಿಂದಲೇ ಸಿಗುತ್ತದೆ.