ಡಿಎಲ್‌ಎಲ್ ರಿಪೇರಿಗೆ ಮೊದಲು ಉದ್ರಿ ಲೆಕ್ಕ ಎತ್ತಿಡಿ

ಮುಂಬೈ ಹತ್ತಿರದ ಡೊಂಬಿವ್ಲಿ ಪೂರ್ವದಲ್ಲಿ ನನ್ನದೊಂದು ಸಣ್ಣ ಕಂಪ್ಯೂಟರ್ ರಿಪೇರಿ ಅಂಗಡಿ. ಗಿರಾಕಿಗಳಲ್ಲಿ ಅರ್ಧ ಜನ ನಮ್ಮೂರ ಕಡೆಯ ಹೋಟೆಲಿನವರು. ಮಳೆಗಾಲದ ಒಂದು ಬೆಳಿಗ್ಗೆ ಶೆಟ್ರ ಫೋನು: "ಮಾರಾಯಾ, ಗಲ್ಲಾದ ಕಂಪ್ಯೂಟರಲ್ಲಿ ಚೀಟಿ ಬರೆಯುವ ಆ್ಯಪ್ ಓಪನ್ನೇ ಆಗುದಿಲ್ಲ. ಎಂತದೋ ಡಿಎಲ್‌ಎಲ್ ಅಂತ ಬರ್ತದೆ."

ಹೋದೆ. ಸೀದಾ ಸೆಟ್ಟಿಂಗ್ಸ್‌ನಲ್ಲಿ ರೀಸೆಟ್ ಒತ್ತಿದೆ. ಆ್ಯಪ್ ತೆರೆಯಿತು, ಆದರೆ ಪೂರ್ತಿ ಖಾಲಿ. ಶೆಟ್ರು ಉದ್ರಿ ಲೆಕ್ಕವನ್ನೆಲ್ಲ ಅದರಲ್ಲೇ ಬರೆದಿಟ್ಟಿದ್ದರು. ತಪ್ಪು ನನ್ನದೇ. ಆ ದಿನ ಅವರು ಚಹಾ ಕೊಟ್ಟರು, ಮಾತಾಡಲಿಲ್ಲ.

ನಾನು ಎರಡು ಬೇರೆ ವಿಷಯಗಳನ್ನು ಒಂದೇ ಅಂದುಕೊಂಡಿದ್ದೆ. ಡಿಎಲ್‌ಎಲ್ ಅಂದರೆ ಹಲವು ಪ್ರೋಗ್ರಾಮ್‌ಗಳು ಹಂಚಿಕೊಂಡು ಬಳಸುವ ಕೋಡ್. ಹೋಟೆಲಿನಲ್ಲಿ ರುಬ್ಬಿಟ್ಟ ಹಿಟ್ಟಿನ ಹಾಗೆ. ಸಾದಾ, ಮಸಾಲೆ, ಉತ್ತಪ್ಪ ಎಲ್ಲದಕ್ಕೂ ಅದೇ. ಆ್ಯಪ್‌ನ ನೆನಪು, ಅಂದರೆ ನಿಮ್ಮ ಚೀಟಿಗಳು, ಸೆಟ್ಟಿಂಗ್‌ಗಳು, ಗಲ್ಲಾದ ಪುಸ್ತಕದ ಹಾಗೆ ಬೇರೆ ಕಡೆ ಇರುತ್ತದೆ. ವಿಂಡೋಸ್‌ನಲ್ಲಿ 'ವಿಂಡೋಸ್ ಡಾಟ್ ಸ್ಟೋರೇಜ್ ಡಾಟ್ ಅಪ್ಲಿಕೇಶನ್‌ಡೇಟಾ ಡಾಟ್ ಡಿಎಲ್‌ಎಲ್' ಎಂಬ ಫೈಲ್ ಇದೆ. ಮೈಕ್ರೋಸಾಫ್ಟ್ ಸ್ಟೋರ್‌ನ ಆ್ಯಪ್‌ಗಳು ತಮ್ಮ ನೆನಪನ್ನು ಇಡಲು, ತೆಗೆಯಲು ಬಳಸುವುದು ಇಂಥದ್ದನ್ನೇ. ಹಿಟ್ಟು ಹುಳಿಯಾದರೆ ಪುಸ್ತಕ ಹರಿಯಬೇಕಾಗಿಲ್ಲ, ಅಲ್ವಾ? ನಾನು ಮಾಡಿದ್ದು ಅದನ್ನೇ.

ಹಾಗಾಗಿ ಮೊದಲು ಪುಸ್ತಕ ಎತ್ತಿಡಿ. ಆ್ಯಪ್ ಮುಚ್ಚಿ. ವಿಂಡೋಸ್ ಕೀ ಜತೆ ಆರ್ ಒತ್ತಿ, ಎರಡು ಪರ್ಸೆಂಟ್ ಚಿಹ್ನೆಗಳ ನಡುವೆ ಲೋಕಲ್‌ಆ್ಯಪ್‌ಡೇಟಾ ಅಂತ ಇಂಗ್ಲಿಷಿನಲ್ಲಿ, ಸ್ಪೇಸ್ ಇಲ್ಲದೆ ಟೈಪ್ ಮಾಡಿ. ಒಳಗೆ ಪ್ಯಾಕೇಜಸ್ ಫೋಲ್ಡರ್, ಅದರಲ್ಲಿ ಆ್ಯಪ್ ಹೆಸರಿನ ಫೋಲ್ಡರ್, ಅದರೊಳಗೆ ಲೋಕಲ್‌ಸ್ಟೇಟ್. ಸ್ಟಿಕಿ ನೋಟ್ಸ್ ಆದರೆ ಚೀಟಿಗಳೆಲ್ಲ ಇಲ್ಲಿ 'ಪ್ಲಮ್ ಡಾಟ್ ಎಸ್‌ಕ್ಯೂಲೈಟ್' ಎಂಬ ಫೈಲಿನಲ್ಲಿ ಸಿಗುತ್ತವೆ. ಸೆಟ್ಟಿಂಗ್‌ಗಳು ಪಕ್ಕದ ಸೆಟ್ಟಿಂಗ್ಸ್ ಫೋಲ್ಡರಿನ 'ಸೆಟ್ಟಿಂಗ್ಸ್ ಡಾಟ್ ಡ್ಯಾಟ್'ನಲ್ಲಿ. ಎರಡು ಫೋಲ್ಡರನ್ನೂ ಪೆನ್‌ಡ್ರೈವ್‌ಗೆ ಕಾಪಿ ಮಾಡಿ. ಹಳೇ ಮಾದರಿಯ ಪ್ರೋಗ್ರಾಮ್‌ಗಳು ರೋಮಿಂಗ್ ಅಥವಾ ಪ್ರೋಗ್ರಾಮ್‌ಡೇಟಾ ಫೋಲ್ಡರಿನಲ್ಲೂ ಇಟ್ಟಿರಬಹುದು. ಅಲ್ಲೂ ನೋಡಿ.

ಆಮೇಲೆ ಹಿಟ್ಟಿನ ಕಡೆ ಬನ್ನಿ. ಕಮಾಂಡ್ ಪ್ರಾಂಪ್ಟನ್ನು ರೈಟ್ ಕ್ಲಿಕ್ ಮಾಡಿ, ಅಡ್ಮಿನಿಸ್ಟ್ರೇಟರ್ ಆಗಿ ತೆರೆಯಿರಿ. ಆಜ್ಞೆಗಳನ್ನೂ ಇಂಗ್ಲಿಷಿನಲ್ಲೇ ಟೈಪ್ ಮಾಡಿ. ಮೊದಲ ಆಜ್ಞೆ: ಡಿಐಎಸ್‌ಎಂ /ಆನ್‌ಲೈನ್ /ಕ್ಲೀನಪ್-ಇಮೇಜ್ /ರಿಸ್ಟೋರ್‌ಹೆಲ್ತ್. ಇದು ವಿಂಡೋಸ್ ಇಟ್ಟುಕೊಂಡಿರುವ ಅಸಲಿ ಪ್ರತಿಗಳ ಉಗ್ರಾಣವನ್ನೇ ಸರಿಮಾಡುತ್ತದೆ. ಇಂಟರ್ನೆಟ್ ಬೇಕು. ಕೆಲವೊಮ್ಮೆ ಒಂದೇ ಪರ್ಸೆಂಟಿನಲ್ಲಿ ಬಹಳ ಹೊತ್ತು ನಿಲ್ಲುತ್ತದೆ, ಗಾಬರಿಯಿಂದ ಮುಚ್ಚಬೇಡಿ. ಅದು ಮುಗಿದ ಮೇಲೆ: ಎಸ್‌ಎಫ್‌ಸಿ /ಸ್ಕ್ಯಾನ್‌ನೌ. ಇದರಲ್ಲಿ ಎರಡು ಎನ್ ಬರುತ್ತದೆ; ನಮ್ಮ ಹುಡುಗ ಪ್ರತಿ ಸಲ ಒಂದೇ ಹೊಡೆದು, "ಆಗ್ತಿಲ್ಲ ಅಣ್ಣಾ" ಅನ್ನುತ್ತಾನೆ. ಕೆಟ್ಟ ಸಿಸ್ಟಮ್ ಫೈಲುಗಳ ಜಾಗಕ್ಕೆ ಅದೇ ಉಗ್ರಾಣದಿಂದ ಒಳ್ಳೆಯವನ್ನು ತಂದು ಹಾಕುತ್ತದೆ. ರೀಸ್ಟಾರ್ಟ್ ಮಾಡಿ.

ಇಂಟರ್ನೆಟ್ಟಿನಲ್ಲಿ ಒಂಟಿ ಡಿಎಲ್‌ಎಲ್ ಹಂಚುವ ಸೈಟುಗಳಿಂದ ಸುಮ್ನೆ ಒಂದನ್ನು ಇಳಿಸಿ ಸಿಸ್ಟಮ್32ಗೆ ತುರುಕಬೇಡಿ. ವರ್ಷನ್ ಹೊಂದುವುದಿಲ್ಲ, ಒಳಗೆ ವೈರಸ್ಸೂ ಇರಬಹುದು. ಅಲ್ಲದೆ 64 ಬಿಟ್ ವಿಂಡೋಸ್‌ನಲ್ಲಿ ಸಿಸ್ಟಮ್32 ಎಂಬ ಫೋಲ್ಡರಿನಲ್ಲಿರುವುದು 64 ಬಿಟ್ ಫೈಲುಗಳು. 32 ಬಿಟ್‌ನವು ಇರುವುದು ಸಿಸ್‌ವಾವ್64ರಲ್ಲಿ! ಉಲ್ಟಾ ಅನ್ನಿಸುತ್ತದೆ, ಆದರೆ ಇರುವುದೇ ಹಾಗೆ. 'ವಿಸಿರನ್‌ಟೈಮ್140' ಇಲ್ಲ ಅಂತ ಬಂದರೆ ಅದು ಈ ಆಜ್ಞೆಗಳ ಕೆಲಸವಲ್ಲ. ಮೈಕ್ರೋಸಾಫ್ಟ್‌ನಿಂದಲೇ ವಿಶುವಲ್ ಸಿ++ ರೀಡಿಸ್ಟ್ರಿಬ್ಯೂಟಬಲ್ ತಂದು, ಎಕ್ಸ್86 (32 ಬಿಟ್) ಮತ್ತು ಎಕ್ಸ್64 (64 ಬಿಟ್) ಎರಡನ್ನೂ ಹಾಕಿ.

ಇಷ್ಟಾದರೂ ಆ್ಯಪ್ ಏಳದಿದ್ದರೆ ಸೆಟ್ಟಿಂಗ್ಸ್, ಆ್ಯಪ್ಸ್, ಪಟ್ಟಿಯಲ್ಲಿ ಆ ಆ್ಯಪ್‌ನ ಅಡ್ವಾನ್ಸ್ಡ್ ಆಪ್ಶನ್ಸ್. ಅಲ್ಲಿ ರಿಪೇರ್, ರೀಸೆಟ್ ಎರಡು ಬಟನ್. ರಿಪೇರ್ ನಿಮ್ಮ ಡೇಟಾ ಮುಟ್ಟುವುದಿಲ್ಲ, ಅದನ್ನೇ ಮೊದಲು ಒತ್ತಿ. ರೀಸೆಟ್ ಎಲ್ಲ ಅಳಿಸುತ್ತದೆ. ಒತ್ತಲೇಬೇಕಾದರೆ, ಆಮೇಲೆ ಆ್ಯಪ್ ಮುಚ್ಚಿ, ಪೆನ್‌ಡ್ರೈವ್‌ನಿಂದ ಲೋಕಲ್‌ಸ್ಟೇಟ್‌ನ ಫೈಲುಗಳನ್ನು ವಾಪಸ್ ಹಾಕಿ ನೋಡಿ.

ಶೆಟ್ರ ಪೆನ್‌ಡ್ರೈವ್ ಈಗ ಗಲ್ಲಾದೊಳಗೆ, ಚಿಲ್ಲರೆ ಡಬ್ಬಿಯ ಪಕ್ಕದಲ್ಲಿ ಇರುತ್ತದೆ. ಶನಿವಾರ ಮಧ್ಯಾಹ್ನ ಊಟದ ಗಲಾಟೆ ಮುಗಿದ ಮೇಲೆ ಅವರೇ ಕಾಪಿ ಮಾಡುತ್ತಾರೆ. ನನ್ನನ್ನು ಕರೆಯುವುದಿಲ್ಲ.