ಸದ್ದಿನಿಂದ ಸಮಯ ಹಿಗ್ಗಿಸುವ ಅಕಾಡೆಮಿಯನ್ನು ಕಥೆಯಲ್ಲಿ ಕಟ್ಟುವುದು ಹೇಗೆ?

ಆಡಿಯೋ ಎಡಿಟಿಂಗ್ ನನ್ನ ಕಸುಬು. ಹಗಲೆಲ್ಲ ಬೇರೆಯವರ ಮಾತಿನ ನಡುವಿನ ಮೌನ ಕತ್ತರಿಸುತ್ತೇನೆ, ರಾತ್ರಿ ಕಥೆ ಬರೆಯುತ್ತೇನೆ. ನಾಲ್ಕು ವರ್ಷದಿಂದ ಒಂದೇ ಕಥೆಯ ಬೆನ್ನು ಬಿದ್ದಿದ್ದೇನೆ: ಸದ್ದು ಸಮಯವನ್ನು ಏನು ಮಾಡಬಲ್ಲದು ಅಂತ ಕಲಿಸುವ ಒಂದು ಅಕಾಡೆಮಿ. ಇಂಥದ್ದನ್ನು ಬರೆಯುವ ಆಸೆ ನಿಮಗೂ ಇದ್ದರೆ, ನಾನು ಎಡವಿ ಕಲಿತದ್ದನ್ನು ಹೇಳುತ್ತೇನೆ.

ಕಟ್ಟಡ, ಸಮವಸ್ತ್ರ, ಲಾಂಛನ ಎಲ್ಲ ಆಮೇಲೆ. ಮೊದಲು ನಿಯಮ ಬರೆದುಕೊಳ್ಳಿ. ನನ್ನ ಮೊದಲ ಕರಡಿನಲ್ಲಿ ಒಂದು ದೊಡ್ಡ ಗಂಟೆ ಇತ್ತು. ಬಾರಿಸಿದರೆ ಸಮಯ ನಿಂತುಬಿಡುತ್ತಿತ್ತು. ಮಗಳು ಓದಿ ಕೇಳಿದಳು, "ಅಪ್ಪಾ, ಸಮಯ ನಿಂತರೆ ಗಾಳಿಯೂ ನಿಲ್ಲುತ್ತೆ ಅಲ್ವಾ? ಮತ್ತೆ ಗಂಟೆ ಸದ್ದು ಹೇಗೆ ಕೇಳಿಸುತ್ತೆ?" ಎಂಬತ್ತು ಪುಟ ಅವತ್ತೇ ಬದಿಗಿಟ್ಟೆ. ಅವಳು ಹೇಳಿದ್ದು ಸರಿ. ಸದ್ದು ಅಂದರೆ ಗಾಳಿಯ ಕಂಪನ. ಕಂಪಿಸೋಕೆ ಸಮಯ ಬೇಕೇ ಬೇಕು. ಹಾಗಾಗಿ ಈಗ ನನ್ನ ಅಕಾಡೆಮಿಯ ಮೊದಲ ಪಾಠ ಇದು: ಸದ್ದು ಸಮಯವನ್ನು ಹಿಗ್ಗಿಸಬಹುದು, ಕುಗ್ಗಿಸಬಹುದು, ನಿಲ್ಲಿಸಲಾಗದು.

ಈ ಒಂದು ನಿಯಮದಿಂದ ಎಷ್ಟೊಂದು ಸಿಗುತ್ತದೆ ನೋಡಿ. 20 ಡಿಗ್ರಿ ಸೆಲ್ಸಿಯಸ್ ಗಾಳಿಯಲ್ಲಿ ಸದ್ದು ಸೆಕೆಂಡಿಗೆ ಸುಮಾರು 343 ಮೀಟರ್ ಹೋಗುತ್ತದೆ. ಅಂದರೆ ಗಂಟೆಯ ಪರಿಣಾಮವೂ ಅದೇ ವೇಗದಲ್ಲಿ ಹರಡಬೇಕು. ಒಂದು ಕಿಲೋಮೀಟರ್ ಆಚೆ ಇರುವವನಿಗೆ ಹೆಚ್ಚುಕಡಿಮೆ ಮೂರು ಸೆಕೆಂಡು ಬಿಡುವು. ಕಿವಿ ಮುಚ್ಚಿಕೊಳ್ಳೋಕೆ, ಬಾಗಿಲು ಹಾಕೋಕೆ, ಒಂದು ಮಾತು ಕೂಗಿ ಹೇಳೋಕೆ ಅಷ್ಟು ಸಾಕು. ನನ್ನ ಕಥೆಯ ಅತ್ಯಂತ ಮುಖ್ಯವಾದ ದೃಶ್ಯ ಹುಟ್ಟಿದ್ದೇ ಆ ಮೂರು ಸೆಕೆಂಡಿನಲ್ಲಿ.

ಮುಂದಿನದು ನಿಧಾನ ಕೋಣೆ. ಇದನ್ನು ಸರಿಯಾಗಿ ಲೆಕ್ಕ ಹಾಕಿ, ಇಲ್ಲಿ ತಪ್ಪುವವರು ಜಾಸ್ತಿ. ಕೋಣೆಯೊಳಗೆ ಸಮಯ ಅರ್ಧ ವೇಗದಲ್ಲಿ ಓಡುತ್ತಿದೆ ಅಂದುಕೊಳ್ಳಿ. ಒಳಗಿನವರಿಗೆ ತಮ್ಮ ದನಿ ಎಂದಿನಂತೆಯೇ ಕೇಳಿಸುತ್ತದೆ, ಯಾಕೆಂದರೆ ಅವರ ಕಿವಿಯೂ ನಿಧಾನವಾಗಿದೆ. ವ್ಯತ್ಯಾಸ ಗೊತ್ತಾಗೋದು ಬಾಗಿಲು ತೆರೆದಾಗ. ಹೊರಗಿನ 440 ಹರ್ಟ್ಸ್ ಶ್ರುತಿ, ಅಂದರೆ ಸೆಕೆಂಡಿಗೆ 440 ಸಲ ಕಂಪಿಸುವ ಸದ್ದು, ಒಳಗೆ 880 ಆಗಿ, ಒಂದು ಸ್ಥಾಯಿ ಮೇಲೆ ಕೇಳಿಸುತ್ತದೆ. ಒಳಗಿನ 440 ಹೊರಗಿನವರಿಗೆ 220. ರೆಕಾರ್ಡಿಂಗನ್ನು ಅರ್ಧ ವೇಗದಲ್ಲಿ ಓಡಿಸಿದಾಗ ದನಿ ಗೊಗ್ಗರಾಗುವುದನ್ನು ನಾನು ದಿನಾ ಕೇಳುತ್ತೇನೆ. ಲೆಕ್ಕ ಅದೇ. ಹಾಗಾಗಿ ನನ್ನ ಅಕಾಡೆಮಿಯ ಓಣಿಯಲ್ಲಿ ಹಗಲೂ ರಾತ್ರಿ ಒಂದೇ ಶ್ರುತಿ ಮೊಳಗುತ್ತಿರುತ್ತದೆ. ಮಕ್ಕಳು ಗಡಿಯಾರ ನೋಡುವುದಿಲ್ಲ, ಬಾಗಿಲಿಗೆ ಕಿವಿ ಇಡುತ್ತಾರೆ.

ತರಗತಿಯ ದೃಶ್ಯಕ್ಕೆ ಮಾತ್ರ ಮಾಯೆ ಬೇಡ, ನಿಜವನ್ನೇ ತನ್ನಿ. ಓದುವವರು ಪುಸ್ತಕ ಕೆಳಗಿಟ್ಟು ಪರೀಕ್ಷಿಸಿ ನೋಡುವಂತಿರಬೇಕು. ಟಕ್ ಟಕ್ ಸದ್ದುಗಳಿಂದ ತುಂಬಿದ ಅವಧಿ, ಅಷ್ಟೇ ಉದ್ದದ ಖಾಲಿ ಅವಧಿಗಿಂತ ದೊಡ್ಡದು ಅನಿಸುತ್ತದೆ. ಏರುತ್ತಾ ಬರುವ ಸದ್ದು, ಇಳಿಯುತ್ತಾ ಹೋಗುವ ಸದ್ದಿಗಿಂತ ಉದ್ದ ಅನಿಸುತ್ತದೆ. ಮೊದಲು ಐದು ಸೆಕೆಂಡು ಬೇಗಬೇಗ ಕ್ಲಿಕ್ ಕೇಳಿಸಿದರೆ, ಆಮೇಲೆ ಬರುವ ಬೆಳಕೋ ಸದ್ದೋ ಸುಮಾರು ಹತ್ತನೇ ಒಂದು ಭಾಗ ಜಾಸ್ತಿ ಹೊತ್ತು ಇದ್ದಂತೆ ತೋರುತ್ತದೆ. ನನಗೆ ತುಂಬಾ ಇಷ್ಟವಾದದ್ದು ಇನ್ನೊಂದು: ಬೆಳಕು ಒಂದೇ ಸಲ ಮಿಂಚಿ, ಅದರ ಜೊತೆ ಎರಡು ಬೀಪ್ ಕೇಳಿಸಿದರೆ, ತುಂಬಾ ಜನರಿಗೆ ಎರಡು ಮಿಂಚು ಕಾಣಿಸುತ್ತದೆ. ಇಲ್ಲೆಲ್ಲ ಗಡಿಯಾರ ಬದಲಾಗಿಲ್ಲ, ಬದಲಾದದ್ದು ಮನಸ್ಸಿನ ಹೊತ್ತು. ಮೊದಲ ವರ್ಷದ ಮಕ್ಕಳು ಇದನ್ನು ಕಲಿತ ಮೇಲೆ ಎರಡನೇ ವರ್ಷ ನಿಮ್ಮ ಕಲ್ಪನೆ ಶುರುವಾಗಲಿ. ಆಗ ಯಾರೂ "ಸುಮ್ನೆ ಹೇಳ್ತಾರೆ" ಅನ್ನುವುದಿಲ್ಲ.

ಒಂದು ವಸ್ತು ಸಂಗ್ರಹದ ಕೋಣೆಯೂ ಇರಲಿ. ನನ್ನದರಲ್ಲಿ ಮಸಿ ಹಿಡಿದ ಒಂದು ಕಾಗದವಿದೆ. 1857ರಲ್ಲಿ ಫ್ರಾನ್ಸಿನ ಸ್ಕಾಟ್ ಡಿ ಮಾರ್ಟಿನ್‌ವಿಲ್ ದನಿಯನ್ನು ಗೆರೆಯಾಗಿ ಬರೆಯುವ ಯಂತ್ರಕ್ಕೆ ಪೇಟೆಂಟ್ ಪಡೆದರು. ಅದನ್ನು ಮತ್ತೆ ಕೇಳಿಸುವ ದಾರಿ ಆಗ ಇರಲಿಲ್ಲ. 1860ರಲ್ಲಿ ಅವರು ಬರೆಸಿದ ಒಂದು ಹಾಡಿನ ಗೆರೆಗಳಿಗೆ 2008ರಲ್ಲಿ ಕಂಪ್ಯೂಟರಿನಿಂದ ದನಿ ಬಂತು. 148 ವರ್ಷ ಆ ಹಾಡು ಕಾಗದದ ಮೇಲೆ ಕಾದಿತ್ತು. ಅದರ ಪಕ್ಕದಲ್ಲಿ 1960ರ ಒಂದು ಕೈಗಡಿಯಾರ. ಒಳಗೆ ಪುಟ್ಟ ಶ್ರುತಿಕವೆ (ಟ್ಯೂನಿಂಗ್ ಫೋರ್ಕ್) ಸೆಕೆಂಡಿಗೆ 360 ಸಲ ಕಂಪಿಸುತ್ತದೆ. ಟಿಕ್ ಟಿಕ್ ಅನ್ನುವುದಿಲ್ಲ, ಗುಂಯ್ ಅನ್ನುತ್ತದೆ.

ಈ ವಿದ್ಯೆ ಬಳಸಿದವರು ತೆರಬೇಕಾದ ಬೆಲೆಯನ್ನೂ ಗೊತ್ತು ಮಾಡಿ. ನನ್ನಲ್ಲಿ ಸಮಯ ಹಿಗ್ಗಿಸಿದವರಿಗೆ ಅಷ್ಟು ಹೊತ್ತು ಕಿವಿ ಕೇಳಿಸುವುದಿಲ್ಲ.

ಬರೆದ ದೃಶ್ಯವನ್ನು ಗಟ್ಟಿಯಾಗಿ ಓದಿ, ಸ್ಟಾಪ್‌ವಾಚ್ ಹಿಡಿಯಿರಿ. ಕಥೆಯಲ್ಲಿ ಮೂರು ಸೆಕೆಂಡು ಅಂತಿದ್ದರೆ ಓದಲು ಎಷ್ಟು ಹಿಡಿಯಿತು ನೋಡಿ. ನನ್ನ ಗಂಟೆಯ ದೃಶ್ಯಕ್ಕೆ ಈಗ ಒಂದೂವರೆ ನಿಮಿಷ ಬೇಕು. ಮೊನ್ನೆ ಮಗಳಿಗೆ ಓದಿ ಹೇಳಿದೆ. ಗಂಟೆ ಬಾರಿಸಿದ ಕೂಡಲೇ ಅವಳು ಬೆರಳು ಮಡಚಿ ಎಣಿಸತೊಡಗಿದಳು. ಒಂದು, ಎರಡು.